ಭೂಮಿಗೆ ವಯಸ್ಸೆಷ್ಟು?



ನಮ್ಮ ಶಾಲೆಗೆ 50 ವರ್ಷವೆನ್ನಲು ದಾಖಲಾತಿ ಪುಸ್ತಕವಿದೆ. ಭೂಮಿಯ ವಯಸ್ಸಿಗೆ ದಾಖಲೆ ಯಾವುದು?

ಎಳೆಯ ಸೂರ್ಯನ ಸುತ್ತ ತಿರುಗುತ್ತಿದ್ದ ಧೂಳು, ಕಲ್ಲುಗಳು ಡಿಕ್ಕಿಯಾಗಿ, ಒಂದಕ್ಕೊಂದು ಸೇರಿ ಭೂಮಿ ಬೆಳೆಯಿತು. ಕಾದು ಕರಗಿದಾಗ ಭಾರದ ಕಬ್ಬಿಣ ನಡುವಿಗಿಳಿಯಿತು, ಹಗುರ ಕಲ್ಲು ಮೇಲುಳಿಯಿತು. ಆ ಮೊದಲ ಹೊರಪದರ ಇಂದು ಉಳಿದಿಲ್ಲ. ಬೆಂಗಳೂರಿನ ಲಾಲ್‌ಬಾಗ್ ಬಂಡೆಗೂ ಸುಮಾರು 300 ಕೋಟಿ ವರ್ಷವಷ್ಟೇ.

ಹಾಗಾಗಿ ಅಮೆರಿಕದ ಕ್ಲೇರ್ ಪ್ಯಾಟರ್‌ಸನ್ ಅವರು ಭೂಮಿಯ ಓರಗೆಯ ಉಲ್ಕಾಶಿಲೆಗಳನ್ನು ಹಿಡಿದರು. ಯುರೇನಿಯಂ ಗೊತ್ತಾದ ವೇಗದಲ್ಲಿ ಸೀಸವಾಗುತ್ತದೆ. ಆ ಸೀಸವೇ ಅವರ ಗಡಿಯಾರ. 1956ರಲ್ಲಿ ಅವರು ಪ್ರಕಟಿಸಿದ ಉತ್ತರ: ಸುಮಾರು 455 ಕೋಟಿ ವರ್ಷ.

ಆದರೆ ಅಳೆಯುವಾಗ ಎಲ್ಲಿಂದಲೋ ಸೀಸ ಸೇರಿ ಲೆಕ್ಕ ಕೆಡುತ್ತಿತ್ತು. ಅದರ ಜಾಡು ಹಿಡಿದು ಹೋದ ಅವರು, ಪೆಟ್ರೋಲಿಗೆ ಬೆರೆಸುವ ಸೀಸ ಗಾಳಿಗೆ ಸೇರುತ್ತಿದೆಯೆಂದು ತೋರಿಸಿದರು. ಉದ್ಯಮದವರ ವಿರೋಧಕ್ಕೆ ಬಗ್ಗಲಿಲ್ಲ. ಸೀಸ ಮಕ್ಕಳ ಮಿದುಳಿಗೆ ವಿಷ. ನಮ್ಮ ದೇಶದಲ್ಲಿ ಸೀಸದ ಪೆಟ್ರೋಲ್ ನಿಂತದ್ದು 2000ರಲ್ಲಿ.

ನಾನು ಸಾಫ್ಟ್‌ವೇರ್ ಇಂಜಿನಿಯರ್. ಲೆಕ್ಕ ಎಲ್ಲಿ ತಪ್ಪುತ್ತಿದೆ ಎಂದು ಹುಡುಕುವುದೇ ನನ್ನ ನಿತ್ಯದ ಕೆಲಸ. ಮಕ್ಕಳೇ, ಉತ್ತರ ತಾಳೆಯಾಗದಿದ್ದರೆ ಸುಮ್ಮನೆ ಅಳಿಸಿಬಿಡಬೇಡಿ, ಏಕೆಂದು ಕೇಳಿ. ಭೂಮಿಯ ವಯಸ್ಸು ಹುಡುಕಲು ಹೊರಟವರಿಂದ ನಿಮ್ಮ ಉಸಿರಿನ ಗಾಳಿಗೂ ಒಳಿತಾಯಿತು.