ತಂದೆಯ ಕಾರ್ಖಾನೆ, ಮಗಳ ಯಜಮಾನಿಕೆ



ಮೊದಲು ನಾವು ನಮ್ಮ ಹೆಸರು ಬರೆಯಲು ಕಲಿತೆವು. ಆಮೇಲೆ ಊರಿನ ಹೆಸರು. ಆಮೇಲೆ ಬಸ್ಸಿನ ಬೋರ್ಡು ಓದಿದೆವು. ಈಗ ದೂರದ ಊರಿನ ಸುದ್ದಿಯನ್ನೂ ಓದಬಲ್ಲೆವು. ಅದಕ್ಕೇ ಇವತ್ತು ದೂರದ ದೇಶದ ಒಬ್ಬ ಹೆಂಗಸಿನ ವಿಷಯ ಹೇಳುತ್ತೇವೆ. ಇದು ಕಟ್ಟುಕಥೆಯಲ್ಲ, ನಡೆದ ಸಂಗತಿ.

ಆ ದೇಶದ ಹೆಸರು ಸ್ವಿಟ್ಜರ್ಲೆಂಡ್. ಯುರೋಪ್ ಖಂಡದಲ್ಲಿದೆ. ಸಣ್ಣ ದೇಶ. ನಮ್ಮ ಕರ್ನಾಟಕದೊಳಗೆ ಅಂಥ ನಾಲ್ಕು ದೇಶ ಹಿಡಿಸುತ್ತವೆ! ಅಲ್ಲಿ ಆಲ್ಪ್ಸ್ ಎಂಬ ಎತ್ತರದ ಬೆಟ್ಟಗಳಿವೆ. ಬೆಟ್ಟದ ಮೇಲೆ ಹಿಮ. ತಪ್ಪಲಲ್ಲಿ ಹುಲ್ಲುಗಾವಲು. ಹಸುಗಳು ಮೇಯುತ್ತವೆ. ಕೈಗಡಿಯಾರಕ್ಕೆ ಆ ದೇಶ ಹೆಸರುವಾಸಿ.

ಆ ಹೆಂಗಸಿನ ಹೆಸರು ಮ್ಯಾಗ್ಡಲೇನಾ ಮಾರ್ಟುಲ್ಲೊ-ಬ್ಲೋಹರ್. ಉದ್ದ ಹೆಸರು ಅಲ್ವಾ? ಮಾರ್ಟುಲ್ಲೊ ಎಂಬುದು ಗಂಡನ ಮನೆತನದ ಹೆಸರು. ಬ್ಲೋಹರ್ ಎಂಬುದು ತವರಿನ ಹೆಸರು. ಎರಡನ್ನೂ ಇಟ್ಟುಕೊಂಡಿದ್ದಾರೆ. ಅವರು ದೊಡ್ಡ ಕಾರ್ಖಾನೆ ನಡೆಸಿದವರು. ಜೊತೆಗೆ ಪಾರ್ಲಿಮೆಂಟಿಗೂ ಆರಿಸಿ ಬಂದವರು.

ಅವರು ಹುಟ್ಟಿದ್ದು 1969ರಲ್ಲಿ. ಆ ವರ್ಷವನ್ನು ಚೆನ್ನಾಗಿ ನೆನಪಿಡಿ. ಯಾಕೆ ಗೊತ್ತೇ? ಆಗ ಅವರ ತಾಯಿಗೆ ದೇಶದ ಚುನಾವಣೆಯಲ್ಲಿ ಮತ ಹಾಕುವ ಹಕ್ಕು ಇರಲಿಲ್ಲ! ಅವರ ತಾಯಿಗೆ ಮಾತ್ರವಲ್ಲ, ಆ ದೇಶದ ಯಾವ ಹೆಂಗಸಿಗೂ ಇರಲಿಲ್ಲ.

ನಮಗೆ ಆಶ್ಚರ್ಯವಾಗುತ್ತದೆ. ಅದು ಹಣವಂತರ ದೇಶ, ಓದಿದವರ ದೇಶ. ನಮ್ಮ ದೇಶದಲ್ಲಿ 1951-52ರ ಮೊದಲ ಮಹಾಚುನಾವಣೆಯಲ್ಲೇ ಹೆಂಗಸರೂ ಮತ ಹಾಕಿದರು. ನಮ್ಮ ಅಜ್ಜಿಯಂದಿರಿಗೆ ಅಕ್ಷರ ಬರುತ್ತಿರಲಿಲ್ಲ. ಆದರೆ ಮತ ಇತ್ತು. ಆ ದೇಶದ ಅಜ್ಜಿಯಂದಿರಿಗೆ ಅಕ್ಷರ ಬರುತ್ತಿತ್ತು. ಆದರೆ ಮತ ಇರಲಿಲ್ಲ.

ಆ ದೇಶದಲ್ಲಿ ಒಂದು ಪದ್ಧತಿ ಇದೆ. ದೊಡ್ಡ ವಿಷಯ ಬಂದರೆ ಜನರನ್ನೇ ಕೇಳುತ್ತಾರೆ. ಈ ಕಾನೂನು ಬೇಕೋ, ಬೇಡವೋ? ಜನ ಚೀಟಿಯಲ್ಲಿ ಹೌದು ಅಥವಾ ಇಲ್ಲ ಎಂದು ಬರೆದು ಹಾಕುತ್ತಾರೆ. ಹೆಂಗಸರಿಗೆ ಮತ ಕೊಡಬೇಕೇ ಎಂದು 1959ರಲ್ಲಿ ಕೇಳಿದರು. ಕೇಳಿದ್ದು ಯಾರನ್ನು? ಗಂಡಸರನ್ನು! ಮೂವರಲ್ಲಿ ಇಬ್ಬರು ಬೇಡ ಅಂದರು. ಹೆಂಗಸರು ಸುಮ್ಮನೆ ಕೂರಲಿಲ್ಲ. ಸಂಘ ಕಟ್ಟಿದರು, ಮೆರವಣಿಗೆ ಮಾಡಿದರು. 1971ರ ಫೆಬ್ರವರಿ 7ರಂದು ಮತ್ತೆ ಕೇಳಿದರು. ಈ ಸಲ ಮೂವರಲ್ಲಿ ಸುಮಾರು ಇಬ್ಬರು ಆಗಲಿ ಅಂದರು. ಹನ್ನೆರಡು ವರ್ಷದಲ್ಲಿ ಗಂಡಸರ ಮಾತು ತಿರುಗಿತು. ಆಗ ನಮ್ಮ ಮ್ಯಾಗ್ಡಲೇನಾಗೆ ಒಂದೂವರೆ ವರ್ಷ.

ಈಗ ಕಾರ್ಖಾನೆಯ ವಿಷಯಕ್ಕೆ ಬರೋಣ.

ಎಮ್ಸ್ ಎಂಬುದು ಬೆಟ್ಟದ ಸೀಮೆಯ ಒಂದು ಊರು. ರೈನ್ ನದಿಯ ದಡದಲ್ಲಿದೆ. ಅಲ್ಲಿನ ಕಾರ್ಖಾನೆಯ ಕಂಪನಿ 1936ರಲ್ಲಿ ಶುರುವಾಯಿತು. ಮರದಿಂದ ಸಕ್ಕರೆ, ಆ ಸಕ್ಕರೆಯಿಂದ ಸ್ಪಿರಿಟ್ ತೆಗೆಯುವುದು ಅದರ ಕೆಲಸ. ಎರಡನೇ ಮಹಾಯುದ್ಧ ಬಂತು. ಹೊರಗಿನಿಂದ ಪೆಟ್ರೋಲು ಬರುವುದು ಕಷ್ಟವಾಯಿತು. ಆಗ ಈ ಸ್ಪಿರಿಟ್ಟನ್ನು ಪೆಟ್ರೋಲಿಗೆ ಬೆರೆಸಿ ಗಾಡಿ ಓಡಿಸಿದರು. ಜನ ಅದಕ್ಕೆ 'ಎಮ್ಸ್ ನೀರು' ಎಂದು ಹೆಸರಿಟ್ಟರು.

ಯುದ್ಧ ಮುಗಿಯಿತು. ಪೆಟ್ರೋಲು ಮತ್ತೆ ಬಂತು. ಮರದ ಸ್ಪಿರಿಟ್ ಯಾರಿಗೂ ಬೇಡವಾಯಿತು. ಸರಕಾರ ಕೈ ಹಿಡಿದರೆ ಮಾತ್ರ ಆ ಕೆಲಸ ಉಳಿಯುತ್ತಿತ್ತು. ಸಹಾಯ ಮುಂದುವರಿಸೋಣವೇ ಎಂದು 1956ರಲ್ಲಿ ದೇಶದ ಜನರನ್ನು ಕೇಳಿದರು. ಬೇಡ ಎಂದರು. ಇಲ್ಲೂ ನೋಡಿ, ಮತ ಹಾಕಿದವರು ಗಂಡಸರು ಮಾತ್ರ. ಆ ಕಾರ್ಖಾನೆಯ ಕೂಲಿಯಿಂದ ಎಷ್ಟೋ ಮನೆಗಳ ಒಲೆ ಉರಿಯುತ್ತಿತ್ತು. ಒಲೆ ಉರಿಸುವ ಹೆಂಗಸರಿಗೆ ಹೌದು ಅನ್ನುವ ಹಕ್ಕೂ ಇರಲಿಲ್ಲ, ಇಲ್ಲ ಅನ್ನುವ ಹಕ್ಕೂ ಇರಲಿಲ್ಲ.

ಆದರೆ ಕಾರ್ಖಾನೆ ಮುಚ್ಚಲಿಲ್ಲ. ದಾರಿ ಬದಲಿಸಿತು. ನೈಲಾನ್ ಜಾತಿಯ ನೂಲು, ಪ್ಲಾಸ್ಟಿಕ್ಕು ಮಾಡುವುದರ ಮೇಲೆ ನಿಂತಿತು.

1969ರಲ್ಲಿ ಕ್ರಿಸ್ಟೋಫ್ ಬ್ಲೋಹರ್ ಎಂಬ ಯುವಕ ಅಲ್ಲಿ ಕೆಲಸಕ್ಕೆ ಸೇರಿದರು. ಅವರೇ ಮ್ಯಾಗ್ಡಲೇನಾ ಅವರ ತಂದೆ. ಪಾದ್ರಿಯ ಮಗ. ಮೊದಲು ಬೇಸಾಯ ಕಲಿತು, ಆಮೇಲೆ ಕಾನೂನು ಓದಿದವರು. ಕೆಲಸ ಮಾಡುತ್ತಾ ಮೇಲೇರಿದರು. 1983ರಲ್ಲಿ ಕಾರ್ಖಾನೆಯನ್ನೇ ಕೊಂಡರು. ರಾಜಕೀಯಕ್ಕೂ ಇಳಿದರು. ಸ್ವಿಸ್ ಪೀಪಲ್ಸ್ ಪಾರ್ಟಿ ಎಂಬ ಪಕ್ಷದ ದೊಡ್ಡ ಮುಖಂಡರಾದರು.

ಇಲ್ಲೊಂದು ವಿಚಿತ್ರ ಸಂಗತಿ ಇದೆ, ಕೇಳಿ.

ಆ ದೇಶದ ಹಳೆಯ ಮದುವೆ ಕಾನೂನು 1912ರಿಂದ ನಡೆದು ಬಂದಿತ್ತು. ಅದರ ಪ್ರಕಾರ ಗಂಡನೇ ಮನೆಯ ಯಜಮಾನ. ಯಾವ ಊರಿನಲ್ಲಿ ಇರಬೇಕು ಎಂಬುದನ್ನು ಅವನೇ ತೀರ್ಮಾನಿಸುವುದು. ಹೆಂಡತಿ ಹೊರಗೆ ಕೆಲಸಕ್ಕೆ ಹೋಗಲು ಅವನ ಒಪ್ಪಿಗೆ ಬೇಕು. ಅದನ್ನು ಬದಲಿಸಿ ಹೊಸ ಕಾನೂನು ತಂದರು. ಗಂಡ ಹೆಂಡತಿ ಇಬ್ಬರೂ ಸಮ, ಸಂಸಾರದ ಹೊಣೆ ಇಬ್ಬರದೂ ಎಂದು ಬರೆದರು. ಆಗ ಎಲಿಜಬೆತ್ ಕೋಪ್ ಕಾನೂನು ಮಂತ್ರಿ. 1984ರಲ್ಲಿ ಆರಿಸಿ ಬಂದ ಅವರು ಆ ದೇಶದ ಮೊದಲ ಮಹಿಳಾ ಮಂತ್ರಿ. ಅವರು ಹೊಸ ಕಾನೂನಿನ ಪರ ನಿಂತರು.

ಅದು ಬೇಡ ಎಂದು ಪ್ರಚಾರ ಮಾಡಿದವರ ಮುಂದಾಳು ಯಾರು? ಇದೇ ಕ್ರಿಸ್ಟೋಫ್ ಬ್ಲೋಹರ್! ಮನೆಯೊಳಗಿನ ವಿಷಯಕ್ಕೆ ಕೋರ್ಟು ಕಚೇರಿ ತಲೆ ಹಾಕಬಾರದು ಎಂಬುದು ಅವರ ವಾದ.

1985ರ ಸೆಪ್ಟೆಂಬರ್ 22ರಂದು ಜನ ಮತ ಹಾಕಿದರು. ಈಗ ಹೆಂಗಸರಿಗೂ ಮತ ಇತ್ತು. ನೂರಕ್ಕೆ ಸುಮಾರು 55 ಮತ ಹೊಸ ಕಾನೂನಿಗೆ ಬಿತ್ತು. ಗಂಡಸರಲ್ಲಿ ಬೇಡ ಅಂದವರೇ ಹೆಚ್ಚು, ಹೆಂಗಸರ ಮತದಿಂದ ಕಾನೂನು ಗೆದ್ದಿತು ಎಂದು ಆಮೇಲೆ ಲೆಕ್ಕ ಹಾಕಿದವರು ಹೇಳಿದರು. 1971ರಲ್ಲಿ ಸಿಕ್ಕಿದ ಮತ 1985ರಲ್ಲಿ ಹೀಗೆ ಕೆಲಸಕ್ಕೆ ಬಂತು. 1988ರ ಜನವರಿ 1ರಿಂದ ಕಾನೂನು ಜಾರಿಯಾಯಿತು. ಆಗ ಮ್ಯಾಗ್ಡಲೇನಾ ಹದಿನೆಂಟು ವರ್ಷದ ಹುಡುಗಿ.

ಅವರು ಸೇಂಟ್ ಗ್ಯಾಲನ್ ಎಂಬ ಊರಿನ ವಿಶ್ವವಿದ್ಯಾಲಯದಲ್ಲಿ ವ್ಯಾಪಾರ ನಡೆಸುವ ವಿದ್ಯೆ ಓದಿದರು. ಓದು ಮುಗಿಸಿ ನೇರ ಅಪ್ಪನ ಕುರ್ಚಿಯಲ್ಲಿ ಕೂರಲಿಲ್ಲ. ಬೇರೆಯವರ ಕಂಪನಿಗಳಲ್ಲಿ ಸಂಬಳಕ್ಕೆ ದುಡಿದರು. ಅವುಗಳಲ್ಲಿ ಒಂದು ರಿವೆಲ್ಲಾ ಎಂಬ ತಂಪು ಪಾನೀಯದ ಕಂಪನಿ. ಆಮೇಲೆ ತಂದೆಯ ಕಾರ್ಖಾನೆಗೆ ಬಂದರು.

2003ರ ಡಿಸೆಂಬರಿನಲ್ಲಿ ತಂದೆ ದೇಶದ ಮಂತ್ರಿಯಾದರು. ಆ ದೇಶಕ್ಕೆ ಏಳೇ ಮಂತ್ರಿಗಳು. ಮಂತ್ರಿಯಾದವರು ಬೇರೆ ಉದ್ಯೋಗ ಮಾಡುವಂತಿಲ್ಲ. ತಂದೆ ಗೆದ್ದಾಗ ಕುರ್ಚಿ ಕಳೆದುಕೊಂಡವರು ರೂತ್ ಮೆಟ್ಸ್ಲರ್ ಎಂಬ ಮಹಿಳಾ ಮಂತ್ರಿ. ಒಂದು ಕಡೆ ಒಬ್ಬ ಹೆಂಗಸಿನ ಅಧಿಕಾರ ಹೋಯಿತು. ಇನ್ನೊಂದು ಕಡೆ ಕಾರ್ಖಾನೆಯ ಹೊಣೆ ಒಬ್ಬ ಮಗಳಿಗೆ ಬಂತು. 2004ರ ಆರಂಭದಲ್ಲಿ ಮ್ಯಾಗ್ಡಲೇನಾ ಯಜಮಾನಿಯಾದರು. ಆಗ ವಯಸ್ಸು ಮೂವತ್ತನಾಲ್ಕು.

ಬ್ಲೋಹರ್ ದಂಪತಿಗೆ ನಾಲ್ಕು ಮಕ್ಕಳು. ಮೂರು ಹೆಣ್ಣು, ಒಂದು ಗಂಡು. ಗಂಡು ಮಗ ಇದ್ದಾನೆ, ಅವನೇ ನೋಡಿಕೊಳ್ಳಲಿ ಎಂದು ತಂದೆ ಹೇಳಲಿಲ್ಲ. ದೊಡ್ಡ ಮಗಳ ಕೈಗೆ ಕೊಟ್ಟರು. ತಮ್ಮನಿಗೆ ಬೇರೆ ಕಾರ್ಖಾನೆ ಇದೆ. ತಂಗಿ ಮಿರಿಯಂ 2007ರಲ್ಲಿ ಬಾಸೆಲ್ ಊರಿನ ಹೆಸರಾಂತ ಬಿಸ್ಕತ್ತು ಕಂಪನಿಯೊಂದನ್ನು ಕೊಂಡು ನಡೆಸಿದರು.

ಎಮ್ಸ್ ಕಾರ್ಖಾನೆ ಗಟ್ಟಿಯಾದ ವಿಶೇಷ ಪ್ಲಾಸ್ಟಿಕ್ಕು ಮಾಡುತ್ತದೆ. ಕಾರಿನಲ್ಲಿ ಕಬ್ಬಿಣ ಹಾಕುವ ಕಡೆ ಇದನ್ನು ಹಾಕುತ್ತಾರೆ. ಕಾರು ಹಗುರವಾಗುತ್ತದೆ. ಎಣ್ಣೆ ಕಡಿಮೆ ಕುಡಿಯುತ್ತದೆ. ಬೇರೆ ಬೇರೆ ದೇಶಗಳಲ್ಲಿ ಒಟ್ಟು ಎರಡು ಸಾವಿರಕ್ಕೂ ಹೆಚ್ಚು ಜನ ಆ ಕಂಪನಿಯಲ್ಲಿ ದುಡಿಯುತ್ತಾರೆ. ಇಪ್ಪತ್ತು ವರ್ಷಕ್ಕೂ ಮೀರಿ ಅದನ್ನು ನಡೆಸಿದ ಮ್ಯಾಗ್ಡಲೇನಾ ಮೂರು ಮಕ್ಕಳ ತಾಯಿ ಕೂಡ. ಕಟ್ಟುನಿಟ್ಟಿನ ಯಜಮಾನಿ ಎಂಬ ಹೆಸರು ಅವರಿಗಿದೆ.

2015ರಲ್ಲಿ ಅವರು ಪಾರ್ಲಿಮೆಂಟಿಗೆ ನಿಂತು ಗೆದ್ದರು. ತಂದೆಯ ಪಕ್ಷದಿಂದಲೇ. ಕಾರ್ಖಾನೆ ಇರುವ ಗ್ರಾವ್‌ಬ್ಯುಂಡನ್ ಪ್ರಾಂತ್ಯದಿಂದ. ಅವರ ಮನೆ ಇರುವುದು ಜ್ಯೂರಿಕ್ ಪ್ರಾಂತ್ಯದಲ್ಲಿ. ಹೊರಗಿನವರು ಇಲ್ಲಿ ಯಾಕೆ ನಿಂತರು ಎಂಬ ಮಾತು ಬಂತು. ಆದರೂ ಗೆದ್ದರು. 2019ರಲ್ಲಿ, 2023ರಲ್ಲಿ ಮತ್ತೆ ಗೆದ್ದರು. ಆ ಸಭೆಯಲ್ಲಿ 200 ಸದಸ್ಯರು. ವರ್ಷಕ್ಕೆ ನಾಲ್ಕು ಸಲ ಮೂರು ಮೂರು ವಾರ ಸಭೆ ಸೇರುತ್ತದೆ. ಉಳಿದ ದಿನ ಸದಸ್ಯರು ತಮ್ಮ ತಮ್ಮ ಉದ್ಯೋಗ ಮಾಡಬಹುದು.

2020ರ ಮಾರ್ಚ್ 2ರ ಸಂಗತಿ ಹೇಳುತ್ತೇವೆ. ಕೊರೊನಾ ರೋಗ ಆಗತಾನೆ ಹರಡುತ್ತಿತ್ತು. ಮ್ಯಾಗ್ಡಲೇನಾ ಬಾಯಿಗೆ ಮಾಸ್ಕ್ ಕಟ್ಟಿಕೊಂಡು ಸಭೆಗೆ ಬಂದರು. ಬೇರೆಯವರು ನೋಡಿ ನಕ್ಕರು. ಮಾಸ್ಕ್ ತೆಗೆಯಿರಿ, ಇಲ್ಲವೇ ಹೊರಗೆ ಹೋಗಿ ಎಂದು ಸಭಾಧ್ಯಕ್ಷರು ಹೇಳಿದರು. ಅವರೂ ಹೆಂಗಸೇ. ಇವರು ಮಾಸ್ಕ್ ತೆಗೆಯಲಿಲ್ಲ, ಹೊರಗೆ ನಡೆದರು. ಆಮೇಲೆ ಏನಾಯಿತು ಎಂದು ನಿಮಗೇ ಗೊತ್ತು. ಲೋಕದ ಜನರೆಲ್ಲ ಮಾಸ್ಕ್ ಕಟ್ಟಿಕೊಂಡರು.

ಅಕ್ಕಂದಿರೇ, ಇವರು ಬಡತನದಿಂದ ಮೇಲೆ ಬಂದವರಲ್ಲ. ತುಂಬಾ ಶ್ರೀಮಂತರ ಮಗಳು. ಇವರ ರಾಜಕೀಯವನ್ನು ಒಪ್ಪದ ಹೆಂಗಸರು ಆ ದೇಶದಲ್ಲೇ ಬಹಳ ಜನ ಇದ್ದಾರೆ. ಒಪ್ಪುವವರೂ ಇದ್ದಾರೆ. ನೀವೂ ಒಪ್ಪಬೇಕು ಎಂದು ನಾವು ಹೇಳುವುದಿಲ್ಲ.

ನಾವು ಕೇಳುವುದು ಇಷ್ಟೇ. ಇವರಿಗೆ ಸಿಕ್ಕಿದ್ದು ಏನೇನು? ಕಾರ್ಖಾನೆ ಕೊಟ್ಟವರು ತಂದೆ. ಅದು ಒಂದು ಮನೆಯ ಮಕ್ಕಳಿಗೆ ಸಿಕ್ಕಿದ್ದು. ಆದರೆ ಮತ ಹಾಕುವ, ಚುನಾವಣೆಗೆ ನಿಲ್ಲುವ ಹಕ್ಕನ್ನು ತಂದೆ ಕೊಡಲು ಆಗುತ್ತಿರಲಿಲ್ಲ. ಗಂಡನ ಅಪ್ಪಣೆ ಕೇಳದೆ ಕೆಲಸಕ್ಕೆ ಹೋಗುವ ಹಕ್ಕನ್ನೂ ಕೊಡಲು ಆಗುತ್ತಿರಲಿಲ್ಲ. ಅವನ್ನು ತಂದವರು ಹೆಸರು ಗೊತ್ತಿಲ್ಲದ ಸಾವಿರಾರು ಹೆಂಗಸರು. ಅದು ಶ್ರೀಮಂತರ ಮಗಳಿಗೂ ಸಿಕ್ಕಿತು, ಹಾಲು ಕರೆಯುವವಳ ಮಗಳಿಗೂ ಸಿಕ್ಕಿತು.

ನಮ್ಮ ಹೆಣ್ಣುಮಕ್ಕಳಿಗೆ ನಾವು ಏನು ಬಿಟ್ಟುಹೋಗುತ್ತೇವೆ? ಕಾರ್ಖಾನೆ ನಮ್ಮಲ್ಲಿಲ್ಲ. ಇರುವ ಹೊಲ, ಮನೆ, ಹಸು, ಅಂಗಡಿಯಲ್ಲಿ ಅವರಿಗೂ ಪಾಲು ಇದೆಯೇ? ಲೆಕ್ಕದ ಪುಸ್ತಕವನ್ನು ಅವರ ಕೈಗೂ ಕೊಡುತ್ತೇವೆಯೇ? ಸಂಘದ ಸಭೆಯಲ್ಲಿ ಹೌದು ಅಥವಾ ಬೇಡ ಎಂದು ನಾವೇ ಹೇಳುತ್ತೇವೆಯೇ, ಇಲ್ಲಾ ಪಕ್ಕದವರ ಮುಖ ನೋಡುತ್ತೇವೆಯೇ? ಈ ರಾತ್ರಿ ಮನೆಗೆ ಹೋಗಿ ಈ ಪಾಠವನ್ನು ಗಟ್ಟಿಯಾಗಿ ಓದಿ. ಮನೆಯವರೂ ಕೇಳಲಿ. ಆಮೇಲೆ ಈ ಮಾತುಗಳನ್ನು ಅವರ ಹತ್ತಿರವೂ ಆಡಿ. ಅವರು ಏನಂದರು ಎಂದು ಮುಂದಿನ ವಾರ ಬಂದು ನಮಗೆ ಹೇಳಿ.