ತೋಟದ ತಾತ ಅರೆಸ್ಟ್ ಆದ ದಿನ



2009ರ ನವೆಂಬರ್. ಆಸ್ಟ್ರೇಲಿಯಾದ ತುದಿಯಲ್ಲಿ ಟ್ಯಾಸ್ಮೇನಿಯಾ ಅಂತ ಒಂದು ದ್ವೀಪ ರಾಜ್ಯ. ಅದರ ರಾಜಧಾನಿ ಹೋಬಾರ್ಟ್. ಅಲ್ಲಿನ ಸಂಸತ್ ಭವನದ ಮುಂದೆ, ಅಂದ್ರೆ ನಮ್ಮ ವಿಧಾನಸೌಧದ ಮುಂದೆ ಇದ್ದ ಹಾಗೆ, ಜನ ಪ್ರತಿಭಟನೆಗೆ ಸೇರಿದ್ದಾರೆ. ಜಾಗ ಖಾಲಿ ಮಾಡಿ ಅಂತಾರೆ ಪೊಲೀಸರು. ಬಿಳಿಗೂದಲಿನ ಒಬ್ಬ ಅಜ್ಜ ಕದಲೋದಿಲ್ಲ. ವಯಸ್ಸು 82. ಪೊಲೀಸರು ಅವರನ್ನು ವಶಕ್ಕೆ ತಗೊಳ್ತಾರೆ. ಜೊತೆಗೆ ಇನ್ನೂ ಐವತ್ತಕ್ಕೂ ಹೆಚ್ಚು ಮಂದಿ ಅರೆಸ್ಟ್.

ಆ ಅಜ್ಜನ ಮುಖ ಆಸ್ಟ್ರೇಲಿಯಾದ ಮನೆಮನೆಗೂ ಗೊತ್ತು. ಅವರು ರಾಜಕಾರಣಿಯಲ್ಲ, ಸಿನಿಮಾ ನಟ ಅಲ್ಲ. ಟಿವಿಯಲ್ಲಿ ಗೊಬ್ಬರ ಹಾಕೋದು ಹೇಗೆ, ಆಲೂಗಡ್ಡೆ ನೆಡೋದು ಯಾವಾಗ ಅಂತ ಹೇಳಿಕೊಡ್ತಿದ್ದವರು. ಹೆಸರು ಪೀಟರ್ ಕಂಡಾಲ್.

ಹುಟ್ಟಿದ್ದು 1927ರ ಏಪ್ರಿಲ್ 1ರಂದು, ಇಂಗ್ಲೆಂಡಿನ ಮ್ಯಾಂಚೆಸ್ಟರ್‌ನ ಬಡ ಕುಟುಂಬದಲ್ಲಿ. ಹುಡುಗ ಮೊದಲು ತರಕಾರಿ ಬೆಳೆದ ಜಾಗ ಯಾವುದು ಗೊತ್ತಾ? ಬಾಂಬ್ ದಾಳಿಯಿಂದ ತಪ್ಪಿಸಿಕೊಳ್ಳಲು ಕಟ್ಟಿದ್ದ ಆಶ್ರಯತಾಣದ ಮೇಲಿನ ಮಣ್ಣು. ಕೆಳಗೆ ಜೀವ ಉಳಿಸಿಕೊಳ್ಳುವ ಗುಹೆ, ಮೇಲೆ ತರಕಾರಿ! ಆಮೇಲೆ ಸೈನ್ಯ, ಪ್ಯಾರಾಶೂಟ್ ದಳ. ಯುದ್ಧ ಮುಗಿದ ಮೇಲೆ ಗಡಿ ದಾಟಿ ಯುಗೊಸ್ಲಾವಿಯಾಕ್ಕೆ ಕಾಲಿಟ್ಟಿದ್ದಕ್ಕೆ ಗೂಢಚಾರ ಅಂತ ಜೈಲಿಗೆ ಹಾಕಿದರು. ತಿಂಗಳುಗಟ್ಟಲೆ ಒಂಟಿ ಕೋಣೆ. 1950ರಲ್ಲಿ ಆಸ್ಟ್ರೇಲಿಯಾ ಸೇರಬೇಕು ಅಂತ ಆ ದೇಶದ ಸೈನ್ಯಕ್ಕೆ ಸೇರಿದರೆ, ಕಳಿಸಿದ್ದು ಕೊರಿಯಾ ಯುದ್ಧಕ್ಕೆ. ಇಷ್ಟೆಲ್ಲ ನೋಡಿದ ಮನುಷ್ಯ ಕೊನೆಗೆ ಟ್ಯಾಸ್ಮೇನಿಯಾದ ಲಾನ್ಸೆಸ್ಟನ್ ಊರಿನಲ್ಲಿ ಸಲಿಕೆ ಹಿಡಿದು, ಬೇರೆಯವರ ಮನೆ ತೋಟ ಮಾಡಿಕೊಡುವ ಕೆಲಸಕ್ಕೆ ಇಳಿದರು. ಯುದ್ಧವಿರೋಧಿ. 1961ರಲ್ಲಿ ಕಮ್ಯುನಿಸ್ಟ್ ಪಕ್ಷದಿಂದ ಸೆನೆಟ್ ಚುನಾವಣೆಗೂ ನಿಂತಿದ್ದರು. ಗೆಲ್ಲಲಿಲ್ಲ ಅನ್ನೋದು ಬೇರೆ ಮಾತು.

1967ರಲ್ಲಿ ಲಾನ್ಸೆಸ್ಟನ್‌ನ ರೇಡಿಯೊದಲ್ಲಿ ಶುರುವಾಯಿತು ಅವರ ಮಾತು. ಕೇಳುಗರು ಫೋನ್ ಮಾಡಿ ನನ್ನ ಗಿಡಕ್ಕೆ ಹುಳ ಬಿದ್ದಿದೆ ಅಂದರೆ ಇವರು ಅಲ್ಲೇ ಉತ್ತರ ಹೇಳಬೇಕು. ಇವತ್ತು ನಮಗೆ ಫೋನ್-ಇನ್ ಅಂದರೆ ಮಾಮೂಲು. ಆಗ ಅದು ಹೊಸದು. 1969ರಲ್ಲಿ ಎಬಿಸಿ, ಅಂದ್ರೆ ಅಲ್ಲಿನ ಸಾರ್ವಜನಿಕ ಪ್ರಸಾರ ಸಂಸ್ಥೆ, ಟ್ಯಾಸ್ಮೇನಿಯಾದ ಮಟ್ಟಿಗೆ ಒಂದು ಟಿವಿ ಕಾರ್ಯಕ್ರಮ ಕೊಟ್ಟಿತು. ಇಪ್ಪತ್ತು ವರ್ಷ ಒಂದು ಸಣ್ಣ ರಾಜ್ಯದ ಮುಖವಾಗಿದ್ದವರು 1990ರಲ್ಲಿ 'ಗಾರ್ಡನಿಂಗ್ ಆಸ್ಟ್ರೇಲಿಯಾ' ಮೂಲಕ ಇಡೀ ದೇಶದ ಮುಖ ಆದರು. ಆಗ ವಯಸ್ಸು 63! ನಮ್ಮ ಫೀಲ್ಡಲ್ಲಿ 63ಕ್ಕೆ ಹೊಸ ಶೋ ಯಾರು ಕೊಡ್ತಾರೆ ಹೇಳಿ?

ಹೋಬಾರ್ಟ್‌ನ ಸಸ್ಯೋದ್ಯಾನದಲ್ಲಿ 'ಪೀಟ್ಸ್ ಪ್ಯಾಚ್' ಅಂತ ಅವರದೊಂದು ತರಕಾರಿ ಮಡಿ. ಗೊಬ್ಬರವನ್ನು ಬರಿಗೈಯಲ್ಲಿ ಬಾಚಿ, ಕ್ಯಾಮೆರಾ ಮುಂದೆ ಹಿಡಿದು ಆನಂದಪಡೋರು. ವಿಷದ ಔಷಧಿ ಬೇಡ, ಕೊಳೆತ ಎಲೆ, ಸಗಣಿ, ಮಣ್ಣಿನ ಮೇಲೆ ಹುಲ್ಲಿನ ಹೊದಿಕೆ ಸಾಕು ಅನ್ನೋರು. ಇನ್ನೊಂದು ಮಜಾ ನೋಡಿ. ಅಲ್ಲಿ ಜೂನ್ ಅಂದ್ರೆ ಚಳಿಗಾಲ, ಬಿಸಿಲು ಬರೋದು ಉತ್ತರದ ಕಡೆಯಿಂದ. ಇಂಗ್ಲೆಂಡಿನ ಪುಸ್ತಕ ನೋಡಿ ಅಲ್ಲಿ ತೋಟ ಮಾಡಿದರೆ ಎಲ್ಲ ತಲೆಕೆಳಗು. ಹಾಗಾಗಿ ಈ ವಾರ, ಈ ಮಣ್ಣಲ್ಲಿ ಏನು ನೆಡಬೇಕು ಅಂತ ಹೇಳುವ ಸ್ಥಳೀಯ ಮನುಷ್ಯನಿಗೆ ಅಷ್ಟು ಬೆಲೆ. ಕಾರ್ಯಕ್ರಮದ ಕೊನೆಗೆ ಒಂದೇ ಮಾತು: ದಟ್ಸ್ ಯುವರ್ ಬ್ಲೂಮಿಂಗ್ ಲಾಟ್. ಇವತ್ತಿಗೆ ಇಷ್ಟೇ ಕಣ್ರಪ್ಪಾ, ಅಂತ. ಬ್ಲೂಮಿಂಗ್ ಅಂದರೆ ಹೂ ಬಿಡೋದು, ಜೊತೆಗೆ ಇಂಗ್ಲಿಷರ ಒಂದು ಸಣ್ಣ ಬೈಗುಳವೂ ಹೌದು.

2007ರಲ್ಲಿ 'ಆರ್ಡರ್ ಆಫ್ ಆಸ್ಟ್ರೇಲಿಯಾ' ಗೌರವ ಬಂತು. 2008ರ ಜುಲೈನಲ್ಲಿ, 81ನೇ ವಯಸ್ಸಿನಲ್ಲಿ ಶೋ ಬಿಟ್ಟರು. ಮರ್ಯಾದೆಯಾಗಿ ಮನೆಯಲ್ಲಿ ಕೂತು ಟೊಮೆಟೊ ಬೆಳೆಯಬಹುದಿತ್ತು.

ಆದರೆ ಅವರು ಇದ್ದ ಟೇಮರ್ ಕಣಿವೆಯಲ್ಲಿ ಗನ್ಸ್ ಎಂಬ ದೊಡ್ಡ ಮರದ ಕಂಪನಿ ಪಲ್ಪ್ ಮಿಲ್ ಕಟ್ಟಲು ಹೊರಟಿತ್ತು. ಪಲ್ಪ್ ಅಂದರೆ ಕಾಗದ ಮಾಡಲು ಬೇಕಾದ ಮರದ ತಿರುಳು. ಕೆಲಸ ಸಿಗುತ್ತೆ ಅಂತ ಒಂದಷ್ಟು ಜನ, ಗಾಳಿ, ಸಮುದ್ರ, ಕಾಡು ಹಾಳಾಗುತ್ತೆ ಅಂತ ಇನ್ನೊಂದಷ್ಟು ಜನ. ಇದು ಎಲ್ಲ ಕಡೆ ಇರುವ ಜಗಳ. ನನಗೆ ಮುಖ್ಯ ಅನಿಸಿದ್ದು ಬೇರೆ. ಯೋಜನೆ ಸ್ವತಂತ್ರ ಸಮಿತಿಯ ಪರಿಶೀಲನೆಯಲ್ಲಿತ್ತು. 2007ರ ಮಾರ್ಚ್‌ನಲ್ಲಿ ಕಂಪನಿ ಅಲ್ಲಿಂದ ಹೊರಗೆ ಬಂತು. ತಕ್ಷಣ ಸರಕಾರ ಈ ಒಂದು ಮಿಲ್‌ಗಾಗಿಯೇ ಕಾನೂನು ಮಾಡಿತು! ಪರಿಶೀಲನೆಗೆ ಅಡ್ಡದಾರಿ ಸಿಕ್ಕಿತು, ಜನ ಕೋರ್ಟಿಗೆ ಹೋಗುವ ದಾರಿ ಕಿರಿದಾಯಿತು. ಇದರ ವಿರುದ್ಧ ಮೆಟ್ಟಿಲ ಮೇಲೆ ನಿಂತಿದ್ದರು ಕಂಡಾಲ್.

ಟಿವಿಯವನಾಗಿ ಹೇಳ್ತೀನಿ. ನಲವತ್ತು ವರ್ಷ ಜನರ ಮನೆಯೊಳಗೆ ಹೋಗಿ ಸಂಪಾದಿಸಿದ ನಂಬಿಕೆ ದೊಡ್ಡ ಆಸ್ತಿ. ನಮ್ಮಲ್ಲಿ ಬಹಳಷ್ಟು ಜನ ಅದನ್ನು ಜಾಹೀರಾತಿಗೆ ಮಾರ್ತೀವಿ, ಇಲ್ಲ ಟಿಕೆಟ್‌ಗೆ. ಇವರು ಅದನ್ನು ಪೊಲೀಸರ ಮುಂದೆ ಇಟ್ಟರು. ತೋಟದ ಮನುಷ್ಯನಿಗೆ ರಾಜಕೀಯ ಯಾಕೆ ಅಂತ ಕೇಳೋರು ಎಲ್ಲ ಊರಲ್ಲೂ ಇರ್ತಾರೆ. ನಾನು ಅವರ ಜಾಗದಲ್ಲಿ ಇದ್ದಿದ್ದರೆ ನಿಲ್ತಿದ್ದೆನಾ? ಸ್ಟುಡಿಯೊದಲ್ಲಿ ಕೂತು ಹೌದು ಅನ್ನೋದು ಸುಲಭ.

2012ರಲ್ಲಿ ಗನ್ಸ್ ಕಂಪನಿ ದಿವಾಳಿ ಹಾದಿ ಹಿಡಿಯಿತು. ಮಿಲ್ ಕಟ್ಟಲೇ ಇಲ್ಲ. ಅದಕ್ಕೆ ಕಾರಣ ಹಲವು, ಅಜ್ಜ ಒಬ್ಬರೇ ನಿಲ್ಲಿಸಿದರು ಅಂತ ಹೇಳಿದರೆ ಸುಳ್ಳಾಗುತ್ತೆ. 2021ರ ಡಿಸೆಂಬರ್‌ನಲ್ಲಿ, 94ನೇ ವಯಸ್ಸಿನಲ್ಲಿ ಪೀಟರ್ ಕಂಡಾಲ್ ತೀರಿಕೊಂಡರು.

ಇವತ್ತಿಗೆ ಇಷ್ಟೇ.