ನೆಲದ ಪತ್ರ ಯಾರ ಹೆಸರಿನಲ್ಲಿ?
(ವಿಕಾಸ ಖಂಡದ ರೈತರ ಕೂಟದಲ್ಲಿ ಮಾಡಿದ ಭಾಷಣ)



ತಾತನ ಕಾಲದಿಂದ ಉತ್ತ ಹೊಲ, ಆದರೆ ಪಹಣಿಯಲ್ಲಿ ಬೇರೊಬ್ಬರ ಹೆಸರು. ಅಂಥವನ ಸಂಕಟ ಏನೆಂಬುದನ್ನು ನಿಮಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ. ಬಾವಿ ತೋಡಿಸಲು ಅವನಿಗೆ ಸಾಲ ಹುಟ್ಟುವುದಿಲ್ಲ. ಇಂದು ಇದ್ದವನು ನಾಳೆ ಇರುತ್ತಾನೆಂಬ ಭರವಸೆಯೂ ಇಲ್ಲ. ಒಬ್ಬ ರೈತನ ಪಾಡು ಹೀಗಾದರೆ, ಒಂದು ಜನಾಂಗಕ್ಕೆ ಜನಾಂಗವೇ ಹೀಗೆ ನೂರಾರು ವರ್ಷ ಬದುಕಬೇಕಾಗಿ ಬಂದರೆ ಹೇಗಿರುತ್ತದೆ? ಅಂಥ ಒಂದು ನಾಡಿನ ಸಂಗತಿಯನ್ನೂ, ಅಲ್ಲಿ ಒಬ್ಬ ರಾಜ್ಯಮಂತ್ರಿಯ ಕೈಯಿಂದ ಏನಾಯಿತು, ಏನಾಗಲಿಲ್ಲ ಎಂಬುದನ್ನೂ ಇಂದು ತಿಳಿಸುತ್ತೇನೆ.

ಆಸ್ಟ್ರೇಲಿಯ ದೇಶದಲ್ಲಿ ದಕ್ಷಿಣ ಆಸ್ಟ್ರೇಲಿಯ ಎಂಬ ಒಂದು ರಾಜ್ಯವಿದೆ. ಅದರ ರಾಜಧಾನಿ ಅಡಿಲೇಡ್. ವಿಸ್ತಾರದಲ್ಲಿ ಅದು ನಮ್ಮ ಕರ್ನಾಟಕದ ಐದರಷ್ಟಿದೆ. ಆದರೆ ಬಹುಭಾಗ ಮಳೆಯಿಲ್ಲದ ಬೆಂಗಾಡು. ಬಿಳಿಯರು ಅಲ್ಲಿಗೆ ಬರುವ ಸಾವಿರಾರು ವರ್ಷ ಮೊದಲಿನಿಂದ ಮೂಲನಿವಾಸಿಗಳು ಆ ನೆಲದಲ್ಲಿ ಬಾಳುತ್ತಿದ್ದರು. 1836ರಲ್ಲಿ ಇಂಗ್ಲೆಂಡಿನ ದೊರೆ ಹೊಸ ವಸಾಹತಿಗೆ ಸನ್ನದು ಕೊಟ್ಟಾಗ, ಮೂಲನಿವಾಸಿಗಳು ವಾಸಿಸಿ ಅನುಭವಿಸುತ್ತಿರುವ ಭೂಮಿಯ ಹಕ್ಕಿಗೆ ಕುಂದು ಬರಬಾರದೆಂದು ಅದರಲ್ಲಿಯೇ ಬರೆಸಿದ್ದನು. ಬರೆದದ್ದು ಕಾಗದದಲ್ಲಿ ಉಳಿಯಿತು. ನೆಲವು ಗೋಧಿ ಬೆಳೆಯುವವರಿಗೂ ಕುರಿ ಸಾಕುವವರಿಗೂ ಹಂಚಿಹೋಯಿತು. ಮೂಲನಿವಾಸಿಗಳನ್ನು ಮಿಷನರಿ ಠಾಣ್ಯಗಳಿಗೂ ಸರ್ಕಾರದ ಮೀಸಲು ನೆಲಗಳಿಗೂ ಸೇರಿಸಲಾಯಿತು.

ಇಲ್ಲಿ ಒಂದು ಮಾತನ್ನು ಗಮನಿಸಬೇಕು. 1901ರಲ್ಲಿ ಆಸ್ಟ್ರೇಲಿಯ ಒಕ್ಕೂಟವಾದಾಗ, ಮೂಲನಿವಾಸಿಗಳಿಗಾಗಿ ವಿಶೇಷ ಕಾನೂನು ಮಾಡುವ ಅಧಿಕಾರವನ್ನು ರಾಜ್ಯಾಂಗವು ಕೇಂದ್ರಕ್ಕೆ ಕೊಡಲಿಲ್ಲ. 1967ರ ಮೇ ತಿಂಗಳಲ್ಲಿ ನಡೆದ ಜನಮತ ಸಂಗ್ರಹದಲ್ಲಿ ನೂರಕ್ಕೆ 90ಕ್ಕಿಂತ ಹೆಚ್ಚು ಮತದಾರರು ಒಪ್ಪಿ ಆ ನಿಯಮವನ್ನು ತೆಗೆದುಹಾಕುವವರೆಗೂ, ರಾಜ್ಯಗಳೊಳಗೆ ಈ ಜನರ ಯೋಗಕ್ಷೇಮವೆಲ್ಲ ರಾಜ್ಯ ಸರ್ಕಾರದ ಕೈಯಲ್ಲಿತ್ತು. ಆ ಅಧಿಕಾರ ಹೇಗೆ ನಡೆಯಿತೆಂಬುದಕ್ಕೆ 1911ರ ಕಾಯ್ದೆಯೇ ಸಾಕ್ಷಿ. ‘ಮುಖ್ಯ ಸಂರಕ್ಷಕ’ ಎಂಬ ಅಧಿಕಾರಿಯು ಪ್ರತಿಯೊಂದು ಮೂಲನಿವಾಸಿ ಮಗುವಿಗೂ ಕಾನೂನಿನ ಪೋಷಕನಾದನು, ತಂದೆತಾಯಿಗಳು ಬದುಕಿದ್ದರೂ ಸಹ! ಮುಂದೆ 1939ರಲ್ಲಿ, ಈ ಕಟ್ಟಳೆಗಳಿಂದ ಬಿಡುಗಡೆ ಬೇಕಾದವನಿಗೆ ಒಂದು ವಿನಾಯಿತಿ ಪತ್ರವೆಂದು ಮಾಡಿದರು. ಅದನ್ನು ಪಡೆದವನು ಮೀಸಲು ನೆಲದಲ್ಲಿರುವ ತನ್ನ ಬಂಧುಗಳನ್ನು ನೋಡಲು ಅಪ್ಪಣೆ ಬೇಡಬೇಕಾಗಿತ್ತು. ಸಂರಕ್ಷಣೆಯ ಹೆಸರಿನಲ್ಲಿ ನಡೆದದ್ದು ಇದು.

1965ರಲ್ಲಿ ಆ ರಾಜ್ಯದಲ್ಲಿ ಸರ್ಕಾರ ಬದಲಾಯಿತು. ಡಾನ್ ಡನ್‌ಸ್ಟನ್ ಎಂಬ ವಕೀಲರು ಮೂಲನಿವಾಸಿಗಳ ವ್ಯವಹಾರದ ಮಂತ್ರಿಯಾದರು. ಮರುವರ್ಷ, ಎಂದರೆ 1966ರಲ್ಲಿ, ಎರಡು ಕಾಯ್ದೆಗಳು ಬಂದವು. ಒಂದು, ಬಣ್ಣ ಅಥವಾ ಕುಲದ ಕಾರಣದಿಂದ ಅಂಗಡಿಯಲ್ಲಿ, ಹೋಟೆಲಿನಲ್ಲಿ ಯಾರನ್ನೂ ಹೊರಗಿಡಕೂಡದೆಂಬುದು. ಎರಡನೆಯದು ಮೂಲನಿವಾಸಿಗಳ ಭೂಮಿ ಟ್ರಸ್ಟಿನ ಕಾಯ್ದೆ. ಮೀಸಲು ನೆಲಗಳ ಒಡೆತನವನ್ನು ಸರ್ಕಾರದಿಂದ ಬಿಡಿಸಿ, ಮೂಲನಿವಾಸಿಗಳೇ ಸದಸ್ಯರಾಗಿರುವ ಒಂದು ಟ್ರಸ್ಟಿಗೆ ವಹಿಸಲು ಇದು ದಾರಿ ಮಾಡಿತು. ಆಸ್ಟ್ರೇಲಿಯದ ರಾಜ್ಯಗಳಲ್ಲಿ ಇಂಥ ಕಾನೂನು ಇದೇ ಮೊದಲನೆಯದು. ಪಾಯಿಂಟ್ ಪಿಯರ್ಸ್ ಎಂಬ ಊರಿನವರು ತಲೆತಲಾಂತರದಿಂದ ಬೇಸಾಯ ಮಾಡಿ, ಕುರಿ ಸಾಕಿ, ದುಡಿದ ನೆಲವು 1970ರ ದಶಕದಲ್ಲಿ ಹೀಗೆ ಟ್ರಸ್ಟಿನ ಹೆಸರಿಗೆ ಬಂದಿತು.

ಆದರೆ ಕಥೆ ಇಲ್ಲಿಗೆ ಮುಗಿಯಲಿಲ್ಲ. ವಾಯವ್ಯ ಮೂಲೆಯ ಮರುಭೂಮಿಯಲ್ಲಿ ಪಿಟ್ಜಂಜಾರ ಮುಂತಾದ ಭಾಷೆಗಳನ್ನಾಡುವ ಜನರಿದ್ದಾರೆ. ಅವರು ತಮ್ಮನ್ನು ಆನಂಗು ಎಂದು ಕರೆದುಕೊಳ್ಳುತ್ತಾರೆ. ಟ್ರಸ್ಟು ಒಳ್ಳೆಯದಿರಬಹುದು, ಆದರೆ ದೂರದ ಅಡಿಲೇಡಿನ ಮಂಡಳಿಯ ಹೆಸರಿನಲ್ಲಿ ತಮ್ಮ ನೆಲ ಏಕಿರಬೇಕು, ಅದು ತಮ್ಮ ಹೆಸರಿನಲ್ಲಿಯೇ ಇರಲಿ ಎಂಬುದು ಅವರ ಬೇಡಿಕೆ. 1976ರಲ್ಲಿ ತಮ್ಮದೇ ಸಭೆಯನ್ನು ಕಟ್ಟಿಕೊಂಡರು. ಡನ್‌ಸ್ಟನ್ ಆಗ ಮುಖ್ಯಮಂತ್ರಿಯಾಗಿದ್ದರು. ತಾವೇ ತಂದ ಕಾಯ್ದೆ ಸಾಲದೆಂದು ಜನ ಹೇಳಿದಾಗ ಅವರು ಮುನಿಯಲಿಲ್ಲ. ವಿಚಾರಿಸಲು ಒಂದು ಸಮಿತಿಯನ್ನು ನೇಮಿಸಿದರು. 1978ರಲ್ಲಿ ಮಸೂದೆಯೂ ಬಂದಿತು.

ಅಷ್ಟರಲ್ಲಿ ಡನ್‌ಸ್ಟನ್ ಅಧಿಕಾರ ಬಿಟ್ಟರು. 1979ರ ಚುನಾವಣೆಯಲ್ಲಿ ಅವರ ಪಕ್ಷವೂ ಸೋತಿತು. ಡೇವಿಡ್ ಟಾಂಕಿನ್ ಅವರ ಹೊಸ ಸರ್ಕಾರವು ಮಸೂದೆಯನ್ನು ಹಾಗೆಯೇ ಒಪ್ಪಲು ಹಿಂದೆಗೆಯಿತು. ಆನಂಗು ಜನರು ಕೈಕಟ್ಟಿ ಕೂಡಲಿಲ್ಲ. 1980ರ ಫೆಬ್ರುವರಿಯಲ್ಲಿ ಸಾವಿರಕ್ಕೂ ಹೆಚ್ಚು ಕಿಲೋಮೀಟರು ದೂರ ಪ್ರಯಾಣ ಮಾಡಿ ಅಡಿಲೇಡಿನ ಕುದುರೆಪಂದ್ಯದ ಬಯಲಿನಲ್ಲಿ ಬಿಡಾರ ಹೂಡಿದರು. ಕಲ್ಲೆಸೆಯಲಿಲ್ಲ, ಬೈದಾಡಲಿಲ್ಲ. ಮುಖ್ಯಮಂತ್ರಿಗಳೊಡನೆ ಕುಳಿತು ಮಾತನಾಡಿದರು. ತಿಂಗಳುಗಟ್ಟಲೆ ಸಂಧಾನ ನಡೆದು, 1981ರ ಮಾರ್ಚಿಯಲ್ಲಿ ಕಾಯ್ದೆ ಅಂಗೀಕಾರವಾಯಿತು. ಒಂದು ಲಕ್ಷ ಚದರ ಕಿಲೋಮೀಟರಿಗೂ ಮಿಗಿಲಾದ ನೆಲ, ಎಂದರೆ ರಾಜ್ಯದ ಹತ್ತರಲ್ಲೊಂದು ಪಾಲು, ಅವರಿಗೆ ಸಂದಿತು. ಅದೇ ವರ್ಷದ ನವೆಂಬರಿನಲ್ಲಿ ಅವರ ನಾಡಿಗೇ ಹೋಗಿ ಹಕ್ಕುಪತ್ರವನ್ನು ಕೊಟ್ಟರು.

ಆ ಕಾಯ್ದೆಯ ಮುಖ್ಯಾಂಶಗಳು ಇವು. ನೆಲವನ್ನು ಯಾರೂ ಮಾರುವಂತಿಲ್ಲ, ಸಾಲಕ್ಕೆ ಹರಾಜು ಹಾಕುವಂತಿಲ್ಲ. ಅದು ಒಬ್ಬೊಬ್ಬರದಲ್ಲ, ಎಲ್ಲರದೂ ಕೂಡಿದ್ದು. ಹೊರಗಿನವರು ಒಳಗೆ ಬರಲು ಅಪ್ಪಣೆ ಬೇಕು. ಗಣಿ ಅಗೆಯಬೇಕೆನ್ನುವವರು ಮೊದಲು ಜನರನ್ನು ಕೇಳಬೇಕು. ಒಪ್ಪಂದವಾಗದಿದ್ದರೆ ಪಂಚರ ತೀರ್ಮಾನಕ್ಕೆ ಹೋಗಬೇಕು. ಗಣಿಯ ರಾಜಧನ ಬಂದರೆ ಮೂರು ಪಾಲು: ಒಂದು ಆ ಜನರಿಗೆ, ಒಂದು ರಾಜ್ಯದ ಬೊಕ್ಕಸಕ್ಕೆ, ಇನ್ನೊಂದು ಮಂತ್ರಿಯ ಮೂಲಕ ಉಳಿದ ಮೂಲನಿವಾಸಿಗಳ ಹಿತಕ್ಕೆ. ಮುಂದೆ 1984ರಲ್ಲಿ, ಬ್ರಿಟಿಷರು 1956ರಿಂದ 1963ರವರೆಗೆ ಅಣುಬಾಂಬು ಪರೀಕ್ಷೆ ನಡೆಸಿದ್ದ ಮರಲಿಂಗದ ಸೀಮೆಗೂ ಇಂಥದೇ ಕಾಯ್ದೆ ಬಂದಿತು. ಪರೀಕ್ಷೆಗಾಗಿ ಒಕ್ಕಲೆಬ್ಬಿಸಿದ ಜನರಿಗೆ ಕೊನೆಯ ತುಂಡು ನೆಲ ಹಿಂದಿರುಗಿದ್ದು ಮಾತ್ರ 2014ರಲ್ಲಿ.

ಪತ್ರ ಕೈಗೆ ಬಂದೊಡನೆ ಎಲ್ಲವೂ ಸರಿಹೋಯಿತೆಂದು ನಾನು ಹೇಳಿದರೆ ಸುಳ್ಳಾಗುತ್ತದೆ. ಆನಂಗು ನಾಡಿನಲ್ಲಿ ಹುಡುಗರು ಪೆಟ್ರೋಲನ್ನು ಮೂಸಿ ಅಮಲೇರಿಸಿಕೊಂಡು ಸಾಯುವ ಪಿಡುಗು ಹಬ್ಬಿತು. 2005ರಿಂದ ಅಮಲು ಬರದ ಬೇರೆ ಬಗೆಯ ಇಂಧನವನ್ನು ತರಿಸಿದ ಮೇಲೆ ಅದು ತಗ್ಗಿತು. 2023ರಲ್ಲಿ ಕಯಮ್ ಮಾಹರ್ ಎಂಬ ಮಂತ್ರಿಗಳು, ಸ್ವತಃ ಮೂಲನಿವಾಸಿ ವಂಶದವರು, ಈ ಜನರ ಆಯ್ಕೆಯ ಪ್ರತಿನಿಧಿಗಳು ಶಾಸನಸಭೆಗೆ ಸಲಹೆ ಹೇಳುವ ಏರ್ಪಾಟಿಗೆ ಕಾಯ್ದೆ ತಂದರು. 2024ರ ಮಾರ್ಚಿಯಲ್ಲಿ ಚುನಾವಣೆ ನಡೆದಾಗ ಮತದ ಹಕ್ಕಿದ್ದ ಹತ್ತು ಜನರಲ್ಲಿ ಒಬ್ಬರೂ ಪೂರ್ತಿ ಬರಲಿಲ್ಲ. ಮಂತ್ರಿ ಬಾಗಿಲು ತೆರೆಯಬಹುದು. ಒಳಗೆ ನಡೆದು ಬರುವುದು ಜನರ ಕೆಲಸ, ಮತ್ತು ನಂಬಿಕೆ ಮುರಿದಲ್ಲಿ ಆ ನಡಿಗೆ ನಿಧಾನವಾಗುತ್ತದೆ.

ಹಾಗಾದರೆ ಮಂತ್ರಿಯ ಪಾತ್ರವೇನು? ಕಂಬಳಿ ಹಂಚುವುದೂ, ಹಾರ ಹಾಕಿಸಿಕೊಳ್ಳುವುದೂ ಅಲ್ಲ. ತನ್ನ ಕೈಯಲ್ಲಿರುವ ಅಧಿಕಾರವನ್ನು ಯಾರದೋ ಅವರ ಕೈಗೆ ದಾಟಿಸುವುದು, ಮತ್ತು ಮುಂದೆ ಬರುವ ಮಂತ್ರಿ ಅದನ್ನು ಕಿತ್ತುಕೊಳ್ಳದಂತೆ ಕಾನೂನಿನಲ್ಲಿ ಕಟ್ಟುವುದು. ಡನ್‌ಸ್ಟನ್ ಆರಂಭಿಸಿದ್ದನ್ನು ಎದುರು ಪಕ್ಷದ ಟಾಂಕಿನ್ ಮುಗಿಸಿದರು ಎಂಬುದನ್ನೂ ಮರೆಯಬಾರದು.

ಇನ್ನು ನಮ್ಮ ಊರಿಗೆ ಬರೋಣ. 1978ರ ಕರ್ನಾಟಕದ ಕಾಯ್ದೆಯ ಪ್ರಕಾರ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನನ್ನು ಸರ್ಕಾರದ ಅನುಮತಿಯಿಲ್ಲದೆ ಮಾರುವಂತಿಲ್ಲ, ಕೊಳ್ಳುವಂತಿಲ್ಲ. 2006ರ ಅರಣ್ಯ ಹಕ್ಕು ಕಾಯ್ದೆಯಲ್ಲಿ ಕಾಡಿನವರ ಅರ್ಜಿ ಮೊದಲು ಬರುವುದು ಗ್ರಾಮಸಭೆಗೆ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು 2011ರಲ್ಲಿ ಹೀಗೆಯೇ ತಮ್ಮ ಸಮುದಾಯದ ಹಕ್ಕನ್ನು ಪಡೆದರು. ಆದ್ದರಿಂದ ಮಂಜೂರಾತಿ ಜಮೀನು ಅಗ್ಗಕ್ಕೆ ಸಿಕ್ಕಿತೆಂದು ಯಾರಾದರೂ ನಿಮ್ಮ ಬಾಗಿಲಿಗೆ ಬಂದರೆ ಕೈ ಚಾಚಬೇಡಿ. ಗ್ರಾಮಸಭೆಯಲ್ಲಿ ಅಂಥ ಅರ್ಜಿ ಬಂದ ದಿನ ಮನೆಯಲ್ಲಿ ಕೂರಬೇಡಿ. ಮಂತ್ರಿ ಮಾಡಬೇಕಾದ ಕೆಲಸದ ಮೊದಲ ರುಜು ನಿಮ್ಮದೇ ಆಗಿರುತ್ತದೆ.